ನಮ್ಮ ಕಥೆಗಳ ಮಾಯಾಗುಹೆಗಳು

— ಅಂತಿಮ ಬಿ.ಎ. ವಿದ್ಯಾರ್ಥಿ

ಗುಹೆಯೊಳಕ್ಕೆ ಕಾಲಿಟ್ಟವನಿಗೆ ಹೊರಗಿನ ಲೋಕದ ಲೆಕ್ಕವೆಲ್ಲ ತಪ್ಪಿಹೋಗುವ ಕಥೆಗಳು ನಮ್ಮ ನಾಡಿನಲ್ಲಿ ಬಹು ಹಿಂದಿನಿಂದ ಬೆಳೆದು ಬಂದಿವೆ. ನೀರಡಿಸಿ ಒಳಹೊಕ್ಕವರು ಹೊರಬರುವಷ್ಟರಲ್ಲಿ ತಿಂಗಳ ಗಡುವು ಮೀರಿರುತ್ತದೆ. ನಿದ್ದೆ ತಿಳಿದು ಹೊರಬಂದ ಅರಸನ ಕಣ್ಣಿಗೆ ಮನುಷ್ಯರೂ ಪಶುಗಳೂ ಗಿಡಮರಗಳೂ ಕುಗ್ಗಿ ಕಾಣುತ್ತವೆ. ಗುಹೆಯ ಸುತ್ತಣ ಕಾಡಿನಲ್ಲಿ ಊರೊಂದು ಎದ್ದು, ಬಂದವರಿಗೆ ಅನ್ನವಿಕ್ಕಿ, ಮರಳಿ ನೋಡುವುದರೊಳಗೆ ಇಲ್ಲವಾಗುತ್ತದೆ. ಇಂತಹ ಕಥೆಗಳನ್ನು ಕೇಳದೆ ಬೆಳೆದವರು ನಮ್ಮ ಕಾಲೇಜಿನಲ್ಲಿ ಬಹಳ ಮಂದಿ ಇರಲಾರರು.

ಆದರೆ ಕಾಲೇಜಿಗೆ ಬಂದ ಮೇಲೆ ಈ ಕಥೆಗಳ ವಿಷಯದಲ್ಲಿ ನಮ್ಮಲ್ಲಿ ಎರಡು ಪಕ್ಷಗಳಾಗಿವೆ. ಒಂದು ಪಕ್ಷದವರು, ಇವೆಲ್ಲ ಅಡಗೂಲಜ್ಜಿಯ ಕಥೆಗಳು, ವಿಜ್ಞಾನಯುಗದ ಪದವೀಧರನಿಗೆ ತಕ್ಕುವಲ್ಲ, ಹಳ್ಳಿಯ ಅಜ್ಞಾನವನ್ನು ಹಳ್ಳಿಯಲ್ಲಿಯೇ ಬಿಟ್ಟು ಬರಬೇಕು ಎನ್ನುತ್ತಾರೆ. ಇನ್ನೊಂದು ಪಕ್ಷದವರು, ಹಿರಿಯರು ಹೇಳಿದ್ದೆಲ್ಲ ನಡೆದದ್ದೇ, ಅದಕ್ಕೆ ಪುರಾವೆ ಕೇಳುವುದೇ ಅಪಚಾರ ಎನ್ನುತ್ತಾರೆ. ಒಬ್ಬರು ಕಥೆಯನ್ನು ಸುಳ್ಳೆಂದು ಎಸೆಯುತ್ತಾರೆ. ಮತ್ತೊಬ್ಬರು ಚರಿತ್ರೆಯೆಂದು ಹೊತ್ತು ತಿರುಗುತ್ತಾರೆ. ಇಬ್ಬರೂ ಕಥೆಯನ್ನು ಕೊನೆಯವರೆಗೆ ಕೇಳಿಲ್ಲವೆಂದು ನನ್ನ ಅಲ್ಪಮತಿಗೆ ತೋರುತ್ತದೆ. ನಮ್ಮ ಕಥೆಗಾರರ ಮಾಯಾಗುಹೆಗೆ ಕಟ್ಟುನಿಟ್ಟಾದ ಕಟ್ಟಳೆಗಳುಂಟು. ಅದ್ಭುತವನ್ನು ಕಟ್ಟಿದ ಕೈಯೇ ಅದನ್ನು ಒರೆಗೆ ಹಚ್ಚುವ ಕಲ್ಲನ್ನೂ ಪಕ್ಕದಲ್ಲಿ ಇಟ್ಟಿದೆ. ಆದುದರಿಂದ ಈ ಕಥೆಗಳನ್ನು ನಡೆದದ್ದೆಂದು ನಂಬಬೇಕಾದ್ದೂ ಇಲ್ಲ, ಇವುಗಳಿಗಾಗಿ ನಾಚಬೇಕಾದ್ದೂ ಇಲ್ಲ. ಇಷ್ಟನ್ನು ಮೂರು ಕಥೆಗಳ ಮೂಲಕ ವಾಚಕರ ಮುಂದಿಡುವುದೇ ಈ ಲೇಖನದ ಉದ್ದೇಶ.

ಮೊದಲಿಗೆ ಕಲ್ಲಿನ ಮಾತು. ಮಳೆಯ ನೀರು ಸುಣ್ಣಕಲ್ಲನ್ನು ಸಾವಿರಾರು ವರ್ಷ ಕರಗಿಸುತ್ತ ಹೋದರೆ ನೆಲದೊಳಗೆ ಉದ್ದುದ್ದವಾದ ಗುಹೆಗಳಾಗುತ್ತವೆ. ಆಂಧ್ರಪ್ರದೇಶದ ಬೇಲಂ ಗುಹೆಗಳು ಹೀಗೆ ಆದವು. ಅವುಗಳ ಉದ್ದ 3 ಕಿಲೋಮೀಟರಿಗೂ ಹೆಚ್ಚು. ನಮ್ಮ ಹಾಸನದ ಸೀಮೆಯ ನೆಲ ಅಂತಹುದಲ್ಲ. ಇಲ್ಲಿರುವುದು ನೀರಿಗೆ ಸುಲಭವಾಗಿ ಕರಗದ ಗಟ್ಟಿಕಲ್ಲು. ಇಲ್ಲಿ ಗವಿಯೆಂದರೆ ಸಾಮಾನ್ಯವಾಗಿ ಒಂದು ಹೆಬ್ಬಂಡೆ ಇನ್ನೊಂದರ ಮೇಲೆ ಒರಗಿ ನಿಂತು, ನಡುವೆ ಉಳಿದ ಆಸರೆ. ನಾಲ್ಕು ಹೆಜ್ಜೆ ಹಾಕಿದರೆ ಹಿಂದಿನ ಕಲ್ಲು ಕೈಗೆ ತಾಗುತ್ತದೆ. ಹೀಗಿದ್ದರೂ ಇಲ್ಲಿಯ ಜನ ಇಂತಹ ನಾಲ್ಕು ಹೆಜ್ಜೆಯ ಗವಿಗಳಿಗೆ ಕೊನೆಯಿಲ್ಲದ ಆಳವನ್ನು ಕಲ್ಪಿಸಿದರು. ಆ ಆಳ ಕಲ್ಲಿನದಲ್ಲ, ಮನಸ್ಸಿನದು ಎಂಬುದನ್ನು ಮೊದಲೇ ಒಪ್ಪಿಕೊಂಡು ಮುಂದುವರಿಯುವುದು ಒಳ್ಳೆಯದು.

ಇಂತಹ ಗವಿಗಳಲ್ಲೆಲ್ಲ ಪ್ರಸಿದ್ಧವಾದುದು ನಮ್ಮ ನೆರೆಯ ಚನ್ನರಾಯಪಟ್ಟಣ ತಾಲ್ಲೂಕಿನಲ್ಲಿದೆ. ಶ್ರವಣಬೆಳಗೊಳಕ್ಕೆ ಹೋದವರೆಲ್ಲ ದೊಡ್ಡಬೆಟ್ಟವನ್ನು ಹತ್ತಿ ಗೊಮ್ಮಟನನ್ನು ಕಂಡು ಇಳಿಯುತ್ತಾರೆ. ಎದುರಿಗಿರುವ ಚಿಕ್ಕಬೆಟ್ಟಕ್ಕೆ, ಅಂದರೆ ಚಂದ್ರಗಿರಿಗೆ, ಹೋಗುವವರು ಕಡಮೆ. ಆ ಬೆಟ್ಟದ ಮೇಲೆ, ಬಸದಿಗಳ ಪ್ರಾಕಾರದ ಹೊರಗೆ, ಭದ್ರಬಾಹು ಗುಹೆಯಿದೆ. ಒಳಗೆ ಕಲ್ಲಿನಲ್ಲಿ ಕಡೆದ ಪಾದಗಳಿದ್ದು ಅವುಗಳಿಗೆ ಪೂಜೆ ಸಲ್ಲುತ್ತದೆ. ಜೈನಪರಂಪರೆಯ ನಂಬಿಕೆಯಂತೆ, ಉತ್ತರದೇಶದಲ್ಲಿ ಹನ್ನೆರಡು ವರ್ಷಗಳ ಕ್ಷಾಮ ಬರುವುದನ್ನು ಮುಂಗಂಡ ಭದ್ರಬಾಹುಸ್ವಾಮಿಗಳು ಸಂಘವನ್ನು ದಕ್ಷಿಣಕ್ಕೆ ಕರೆತಂದು, ತಮ್ಮ ಕಡೆಯ ದಿನಗಳನ್ನು ಇಲ್ಲಿ ಕಳೆದರು. ಮೌರ್ಯ ಚಂದ್ರಗುಪ್ತನು ರಾಜ್ಯವನ್ನು ತೊರೆದು ಮುನಿಯಾಗಿ ಅವರ ಸೇವೆಗೆ ಉಳಿದನು. ಸಂಘವು ವಿಶಾಖಾಚಾರ್ಯರ ಹಿಂದೆ ಇನ್ನೂ ದಕ್ಷಿಣಕ್ಕೆ ನಡೆಯಿತು.

ಈ ಕಥೆ ಅನೇಕರ ಕೈಯಲ್ಲಿ ಹಾದು ಬಂದಿದೆ. 10ನೆಯ ಶತಮಾನದ ವಡ್ಡಾರಾಧನೆಯ 19 ಕಥೆಗಳಲ್ಲಿ ಭದ್ರಬಾಹು ಭಟ್ಟಾರರ ಕಥೆಯೂ ಒಂದು. ರತ್ನನಂದಿಯ ಸಂಸ್ಕೃತ ಭದ್ರಬಾಹುಚರಿತದಲ್ಲಿಯೂ, 19ನೆಯ ಶತಮಾನದ ದೇವಚಂದ್ರನ ರಾಜಾವಳಿ ಕಥೆಯಲ್ಲಿಯೂ ಇದೇ ವಸ್ತು ಬಂದಿದೆ. ಒಬ್ಬರಿಂದೊಬ್ಬರಿಗೆ ಸಣ್ಣಪುಟ್ಟ ವ್ಯತ್ಯಾಸಗಳುಂಟು. ನಾನು ಹೇಳಹೊರಟಿರುವುದು ಪರಂಪರೆಯಲ್ಲಿ ಪ್ರಚಾರದಲ್ಲಿರುವ ಒಂದು ಪ್ರಸಂಗವನ್ನು.

ಗುರುಗಳು ಗವಿಯಲ್ಲಿ ಆಹಾರವನ್ನು ತ್ಯಜಿಸಿ ಕುಳಿತಿದ್ದಾರೆ. ಶಿಷ್ಯನು ಮಾತ್ರ ಉಪವಾಸವಿರಬಾರದೆಂದು ಅವರು ಅವನನ್ನು ಭಿಕ್ಷೆಗೆ ಕಳುಹಿಸುತ್ತಾರೆ. ಸುತ್ತ ನಿರ್ಜನವಾದ ಕಾಡು. ಭಿಕ್ಷೆ ನೀಡುವವರು ಯಾರು? ಆ ಕಾಡಿನ ವನದೇವತೆಗೆ ಕನಿಕರ ಬಂದಿತು. ಮೊದಲ ದಿನ ಬಳೆ ತೊಟ್ಟ ಕೈಯೊಂದು ಮಾತ್ರ ಕಾಣಿಸಿಕೊಂಡು ಅನ್ನ ನೀಡಲು ಬಂದಿತು. ಮುಖ ಕಾಣದ ಕೈಯಿಂದ ತೆಗೆದುಕೊಳ್ಳುವುದು ಯತಿಗೆ ಸಲ್ಲದೆಂದು ಚಂದ್ರಗುಪ್ತಮುನಿ ಹಿಂದಿರುಗಿದನು. ಇನ್ನೊಂದು ದಿನ ಹೊನ್ನಿನ ಪಾತ್ರೆಯಲ್ಲಿ ಊಟ ಸಿದ್ಧವಾಗಿತ್ತು, ಬಡಿಸುವವರಿಲ್ಲ, ಅದನ್ನೂ ಮುಟ್ಟಲಿಲ್ಲ. ಮತ್ತೊಂದು ದಿನ ಒಂಟಿ ಹೆಂಗಸಿನ ರೂಪ. ಅದೂ ನಿಯಮಕ್ಕೆ ವಿರುದ್ಧವೆಂದು ಬಿಟ್ಟುಬಂದನು. ಕಡೆಗೆ ವನದೇವತೆ ಕಾಡಿನ ನಡುವೆ ಒಂದು ಊರನ್ನೇ ನಿರ್ಮಿಸಿದಳು. ಬೀದಿಗಳು, ಮನೆಗಳು, ಬಾಗಿಲಲ್ಲಿ ನಿಂತು ಬರಮಾಡಿಕೊಳ್ಳುವ ಗೃಹಸ್ಥರು! ಅಲ್ಲಿ ಅವನು ಭಿಕ್ಷೆಯನ್ನು ಸ್ವೀಕರಿಸಿದನು. ಗುರುಗಳು ದೇಹವನ್ನು ಬಿಟ್ಟ ಮೇಲೂ ಅವನು ಆ ಊರಿನ ಅನ್ನವನ್ನೇ ಉಂಡು, ಗವಿಯಲ್ಲಿದ್ದ ಗುರುಪಾದಗಳನ್ನು ಪೂಜಿಸುತ್ತಿದ್ದನು.

ಹನ್ನೆರಡು ವರ್ಷ ಕಳೆದು ಸಂಘ ಹಿಂದಿರುಗಿತು. ಕಾಡಿನಲ್ಲಿ ಅಂತಹ ಊರನ್ನು ಕಂಡು ಎಲ್ಲರಿಗೂ ಸೋಜಿಗವಾದರೂ ಅಲ್ಲಿಯೇ ಆಹಾರ ಸ್ವೀಕರಿಸಿದರು. ಹೊರಟು ಬಂದ ಮೇಲೆ ಒಬ್ಬ ಬ್ರಹ್ಮಚಾರಿಗೆ ತನ್ನ ಕಮಂಡಲುವನ್ನು ಊಟದ ಮನೆಯಲ್ಲಿ ಮರೆತ ನೆನಪಾಯಿತು. ತರಲು ಹೋಗಿ ನೋಡುತ್ತಾನೆ, ಊರಿಲ್ಲ! ಬೀದಿಯಿಲ್ಲ, ಮನೆಯಿಲ್ಲ. ಕಾಡಿನ ಒಂದು ಮರದ ಕೊಂಬೆಯಲ್ಲಿ ಕಮಂಡಲು ಮಾತ್ರ ತೂಗುತ್ತಿದೆ. ವಿಷಯ ತಿಳಿದ ವಿಶಾಖಾಚಾರ್ಯರು, ದೇವತೆ ನೀಡಿದ ಆಹಾರ ಯತಿಗಳಿಗೆ ಸಲ್ಲದೆಂದು ನಿರ್ಣಯಿಸಿದರು. ಉಂಡವರು ಪ್ರಾಯಶ್ಚಿತ್ತ ಮಾಡಿಕೊಂಡರು.

ಈ ಪ್ರಸಂಗವನ್ನು ಓದಿದವರು ಮಾಯದ ಊರನ್ನು ನೆನಪಿಡುತ್ತಾರೆ. ನನಗೆ ದೊಡ್ಡದಾಗಿ ತೋರುವುದು ಮರಕ್ಕೆ ತೂಗಿದ ಆ ಕಮಂಡಲು. ಕಥೆಗಾರನಿಗೆ ಬರಿಯ ಬೆರಗು ಬೇಕಾಗಿದ್ದರೆ ಊರನ್ನು ಶಾಶ್ವತವಾಗಿ ಉಳಿಸಬಹುದಾಗಿತ್ತು. ಅವನು ಹಾಗೆ ಮಾಡಲಿಲ್ಲ. ಮರೆತ ವಸ್ತುವಿಗಾಗಿ ಒಬ್ಬನನ್ನು ಹಿಂದಕ್ಕೆ ಕಳುಹಿಸಿದನು. ಒಮ್ಮೆ ಕಂಡದ್ದನ್ನು ಮತ್ತೊಮ್ಮೆ ಹೋಗಿ ನೋಡುವುದು, ತನ್ನದೇ ಗುರುತಿನ ವಸ್ತುವಿನಿಂದ ಸ್ಥಳವನ್ನು ಗೊತ್ತು ಮಾಡುವುದು: ಪ್ರಯೋಗಶಾಲೆಯಲ್ಲಿ ಮಾಡುವುದೂ ಇದನ್ನೇ ಅಲ್ಲವೆ? ಮಾಯೆ ಮಾಡಿದ್ದೆಲ್ಲ ಹೋಯಿತು. ಮನುಷ್ಯ ತಂದದ್ದು ಉಳಿಯಿತು. ಅಷ್ಟೇ ಅಲ್ಲ, ತಿಳಿದ ಮೇಲೆ ಯಾರೂ ಅದನ್ನು ಮುಚ್ಚಿಡಲಿಲ್ಲ. ಪವಾಡ ನಡೆಯಿತೆಂದು ಡಂಗುರ ಹೊಡೆಯುವ ಬದಲು, ನಿಯಮ ತಪ್ಪಿತೆಂದು ದಂಡ ತೆತ್ತರು. ಅನ್ನ ಎಷ್ಟೇ ರುಚಿಯಾಗಿರಲಿ, ಅದು ಎಲ್ಲಿಂದ ಬಂತೆಂದು ಕೇಳಬೇಕು ಎಂಬುದು ಈ ಕಥೆಯ ಕಟ್ಟಳೆ. ಇದನ್ನು ಅಜ್ಞಾನದ ಕಥೆಯೆನ್ನುವವರು ಇನ್ನೊಮ್ಮೆ ಓದಬೇಕೆಂದು ನನ್ನ ಪ್ರಾರ್ಥನೆ.

ಇನ್ನು ಕಥೆಯನ್ನು ಚರಿತ್ರೆಯೆನ್ನುವ ಮಿತ್ರರ ಕಡೆಗೆ ತಿರುಗುತ್ತೇನೆ. ಶ್ರವಣಬೆಳಗೊಳ ಮತ್ತು ಅದರ ಸುತ್ತಮುತ್ತ ಐನೂರಕ್ಕೂ ಹೆಚ್ಚು ಶಾಸನಗಳು ದೊರೆತಿವೆ. ಲೂಯಿ ರೈಸ್ ಅವರು 1889ರಲ್ಲಿ ಶ್ರವಣಬೆಳಗೊಳದ ಶಾಸನಗಳ ಸಂಪುಟವನ್ನು ಪ್ರಕಟಿಸಿದರು, ಆರ್. ನರಸಿಂಹಾಚಾರ್ಯರು 1923ರಲ್ಲಿ ಅದನ್ನು ಪರಿಷ್ಕರಿಸಿ ಹೊರತಂದರು. ಚಿಕ್ಕಬೆಟ್ಟದ ಪಾರ್ಶ್ವನಾಥ ಬಸದಿಯ ಬಳಿ ಬಂಡೆಯ ಮೇಲಿರುವ, ಸುಮಾರು ಕ್ರಿ.ಶ. 600ರ ಶಾಸನವು ಇವುಗಳಲ್ಲಿ ಅತ್ಯಂತ ಹಳೆಯದು. ಉಜ್ಜಯಿನಿಯಲ್ಲಿ ಭದ್ರಬಾಹುಸ್ವಾಮಿಗಳು ಹನ್ನೆರಡು ವರ್ಷಗಳ ಆಪತ್ತನ್ನು ಮುಂದಾಗಿ ಹೇಳಿದುದನ್ನೂ, ಸಂಘವು ಉತ್ತರಾಪಥದಿಂದ ದಕ್ಷಿಣಾಪಥಕ್ಕೆ ಹೊರಟುದನ್ನೂ, ಪ್ರಭಾಚಂದ್ರರೆಂಬ ಆಚಾರ್ಯರು ಕಟವಪ್ರವೆಂಬ ಈ ಬೆಟ್ಟದಲ್ಲಿ ಸಂಘವನ್ನು ಕಳುಹಿಸಿಕೊಟ್ಟು, ಒಬ್ಬನೇ ಶಿಷ್ಯನೊಡನೆ ಉಳಿದು ಸಮಾಧಿ ಹೊಂದಿದುದನ್ನೂ ಅದು ಹೇಳುತ್ತದೆ. ಚಂದ್ರಗುಪ್ತನ ಹೆಸರು ಅದರಲ್ಲಿಲ್ಲ. ಮಾಯದ ಊರಿನ ಸುದ್ದಿಯಂತೂ ಇಲ್ಲವೇ ಇಲ್ಲ. ಭದ್ರಬಾಹು ಚಂದ್ರಗುಪ್ತರ ಹೆಸರುಗಳನ್ನು ಒಟ್ಟಿಗೆ ಹೇಳುವ ಶಾಸನಗಳು ಅನಂತರದವು. ಈ ಆಧಾರಗಳಿಂದ ಮೌರ್ಯ ಚಕ್ರವರ್ತಿ ಇಲ್ಲಿಗೆ ಬಂದನೆಂದು ರೈಸ್ ಅವರು ನಂಬಿದರು. ಫ್ಲೀಟ್ ಅವರು ಒಪ್ಪಲಿಲ್ಲ. ಚಂದ್ರಗುಪ್ತನ ಕಾಲಕ್ಕೂ ಆ ಹಳೆಯ ಶಾಸನಕ್ಕೂ ನಡುವೆ ಸುಮಾರು ಒಂಬೈನೂರು ವರ್ಷಗಳ ಅಂತರವಿದೆ ಎಂಬುದನ್ನು ಇತಿಹಾಸದ ವಿದ್ಯಾರ್ಥಿ ಮರೆಯಕೂಡದು.

ಹೀಗಿರುವಲ್ಲಿ, ಕಥೆಯಿಂದ ಚರಿತ್ರೆಯ ಸಾಕ್ಷಿ ಹೇಳಿಸುವುದು ಎರಡಕ್ಕೂ ಅನ್ಯಾಯ. ಶಾಸನ ಹೇಳುವುದು ಒಂದು ಬಗೆಯ ಸತ್ಯ. ಆ ಬಂಡೆಯ ಮೇಲೆ ಅನ್ನನೀರು ಬಿಟ್ಟು ಪ್ರಾಣ ನೀಗಿದವರ ಹೆಸರುಗಳು ಅಲ್ಲಿ ಸಾಲುಸಾಲಾಗಿ ನಿಂತಿವೆ. ಕಥೆ ಹೇಳುವುದು ಇನ್ನೊಂದು ಬಗೆಯದು: ಜನವಿಲ್ಲದ ಕಾಡಿನಲ್ಲಿ ಗುರುವಿಗಾಗಿ ಒಬ್ಬನೇ ಉಳಿದವನ ಹಸಿವು ಎಂತಹುದಿರಬೇಕು, ಆ ಹಸಿವಿನಲ್ಲಿಯೂ ಅವನು ಏನನ್ನು ಬಿಡಲಿಲ್ಲ ಎಂಬುದು. ಚಂದ್ರಗುಪ್ತ ಬಸದಿಯ ಜಾಲಂಧ್ರದಲ್ಲಿ ಶಿಲ್ಪಿ ದಾಸೋಜನು ಈ ಗುರುಶಿಷ್ಯರ ಕಥೆಯನ್ನು ಸಣ್ಣಸಣ್ಣ ಚೌಕಗಳಲ್ಲಿ ಕಂಡರಿಸಿದ್ದಾನೆ. ಅದೇ ಬೆಟ್ಟದ ಕಲ್ಲಿನಲ್ಲಿಯೇ ಶಾಸನವೂ ಇದೆ, ಕಥೆಯೂ ಇದೆ. ಎರಡೂ ತಮ್ಮ ತಮ್ಮ ಜಾಗದಲ್ಲಿ ಇರುವುದರಿಂದ ಬೆಟ್ಟಕ್ಕೆ ಯಾವ ತೊಂದರೆಯೂ ಆಗಿಲ್ಲ. ತೊಂದರೆಯಾಗುತ್ತಿರುವುದು ನಮಗೆ ಮಾತ್ರ!

ಇಲ್ಲಿ ನಮ್ಮ ಮನೆಯ ಮಾತೊಂದನ್ನು ಹೇಳಲು ವಾಚಕರು ಅಪ್ಪಣೆ ಕೊಡಬೇಕು. ನಮ್ಮ ಮನೆತನದಲ್ಲಿ ಕಾಲೇಜಿನ ಮೆಟ್ಟಿಲು ಹತ್ತಿದವರಲ್ಲಿ ನಾನೇ ಮೊದಲು. ನಮ್ಮ ಅಜ್ಜಿಗೆ ಓದುಬರಹ ಬಾರದು. ಆಕೆಯ ತವರೂರು, ಗೊರೂರಿನ ಬಳಿ 1979ರಲ್ಲಿ ಕಟ್ಟಿ ಮುಗಿದ ಹೇಮಾವತಿ ಅಣೆಕಟ್ಟೆಯ ಹಿನ್ನೀರಿನಲ್ಲಿ ಮುಳುಗಿದ ಹಳ್ಳಿಗಳಲ್ಲಿ ಒಂದು. ಹಾಸನ ತಾಲ್ಲೂಕಿನ ಶೆಟ್ಟಿಹಳ್ಳಿಯ ಹಳೆಯ ಚರ್ಚು ಮಳೆಗಾಲದಲ್ಲಿ ನೀರಿನ ನಡುವೆಯೂ ಬೇಸಿಗೆಯಲ್ಲಿ ನೆಲದ ಮೇಲೆಯೂ ನಿಂತಿರುವುದನ್ನು ನಮ್ಮಲ್ಲಿ ಅನೇಕರು ಪ್ರವಾಸಕ್ಕೆ ಹೋಗಿ ನೋಡಿ, ಚಿತ್ರ ತೆಗೆದುಕೊಂಡು ಬಂದಿದ್ದಾರೆ. ಅಜ್ಜಿಯ ಊರಿನಲ್ಲಿ ಹಾಗೆ ತಲೆಯೆತ್ತಿ ನಿಲ್ಲುವಂತಹುದು ಏನೂ ಇರಲಿಲ್ಲ. ಕಮಂಡಲುವಿನ ಕಥೆಯನ್ನು ನಾನು ಒಂದು ರಾತ್ರಿ ಆಕೆಗೆ ಹೇಳಿದೆ. ಕೇಳಿ ಸ್ವಲ್ಪ ಹೊತ್ತು ಸುಮ್ಮನಿದ್ದು, “ಆ ಸ್ವಾಮಿಗೆ ಗಿಂಡಿಯಾದ್ರೂ ಸಿಕ್ತಲ್ಲ ಮಗ, ನಮ್ಗೆ ಅದೂವೆ ಸಿಕ್ನಿಲ್ಲ” ಎಂದರು.

ಊರು ಹೇಗೆ ಮಾಯವಾದೀತೆಂದು ನಮ್ಮ ತರಗತಿಯಲ್ಲಿ ನಗುವವರುಂಟು. ಅಜ್ಜಿ ಆ ಪ್ರಶ್ನೆಯನ್ನು ಕೇಳಲೇ ಇಲ್ಲ. ಊರು ಇಲ್ಲವಾಗುವುದು ಆಕೆಗೆ ಕಲ್ಪನೆಯಲ್ಲ, ಕಂಡ ಸಂಗತಿ. ಅಣೆಕಟ್ಟೆಯಿಂದ ಬಯಲಿಗೆ ನೀರು ಬಂದಿತು, ಗದ್ದೆ ಹಸುರಾಯಿತು ಎಂಬುದನ್ನು ನಾನು ಅಲ್ಲಗಳೆಯುವುದಿಲ್ಲ. ಆ ನೀರಿನ ಅನ್ನವನ್ನು ನಾವೂ ಉಣ್ಣುತ್ತಿದ್ದೇವೆ. ಆದರೆ ಇಕ್ಕಿದವರು ಯಾರು ಎಂದು ಕೇಳಿದ ವಿಶಾಖಾಚಾರ್ಯರಂತೆ, ಈ ಅನ್ನಕ್ಕಾಗಿ ಯಾರ ಊರು ಹೋಯಿತೆಂದು ನಾವು ಒಮ್ಮೆಯಾದರೂ ಕೇಳಿದ್ದೇವೆಯೆ? ಈ ಪ್ರಶ್ನೆ ನನಗೆ ಯಾವ ಪಠ್ಯಪುಸ್ತಕದಿಂದಲೂ ಹೊಳೆದದ್ದಲ್ಲ. ಮಾಯದ ಊರಿನ ಕಥೆಯಿಂದ, ಅದನ್ನು ಕೇಳಿದ ಅಕ್ಷರವಿಲ್ಲದ ಒಬ್ಬ ಮುದುಕಿಯ ಮಾತಿನಿಂದ ಹೊಳೆದದ್ದು.

ಎರಡನೆಯ ಗುಹೆ ವಾಲ್ಮೀಕಿ ರಾಮಾಯಣದ ಕಿಷ್ಕಿಂಧಾಕಾಂಡದಲ್ಲಿದೆ. ಅದ್ಭುತ ಕಥೆಗಳು ನಮ್ಮನ್ನು ಕರ್ತವ್ಯದಿಂದ ದೂರ ಒಯ್ಯುತ್ತವೆ, ಕಷ್ಟಕ್ಕೆ ಹೆದರಿದವನು ಅಡಗಿಕೊಳ್ಳುವ ಜಾಗ ಅವು ಎಂಬ ಆಕ್ಷೇಪಣೆಗೆ ಆ ಕಥೆಯಲ್ಲಿಯೇ ಉತ್ತರವಿದೆ. ಸೀತೆಯನ್ನು ಹುಡುಕಿ ದಕ್ಷಿಣಕ್ಕೆ ಬಂದ ಕಪಿಗಳಿಗೆ ಸುಗ್ರೀವನು ಕೊಟ್ಟ ಗಡುವು ಒಂದು ತಿಂಗಳು. ದಣಿದು ನೀರಡಿಸಿದ ಅವರಿಗೆ ಋಕ್ಷಬಿಲವೆಂಬ ಗುಹೆಯ ಬಾಯಿ ಕಾಣುತ್ತದೆ. ಒಳಗಿನಿಂದ ಹಾರಿಬರುವ ಹಕ್ಕಿಗಳ ಮೈ ನೆನೆದಿದೆ, ಬಾಯಿಯ ಬಳಿಯ ಮರಗಳು ಹಸುರಾಗಿವೆ. ಆದುದರಿಂದ ಒಳಗೆ ಬಾವಿಯೋ ಮಡುವೋ ಇರಲೇಬೇಕೆಂದು ಹನುಮಂತನು ಊಹಿಸುತ್ತಾನೆ. ಹೊಗೆಯನ್ನು ಕಂಡು ಬೆಂಕಿಯನ್ನು ತಿಳಿಯುವ ತರ್ಕವೇ ಇದು. ಮಾಯಾಗುಹೆಯ ಬಾಗಿಲಲ್ಲಿ ಮೊದಲು ನಿಂತಿರುವುದು ತರ್ಕ!

ಕತ್ತಲೆಯಲ್ಲಿ ಒಬ್ಬರ ಕೈಯನ್ನೊಬ್ಬರು ಹಿಡಿದು ನಡೆದ ಕಪಿಗಳಿಗೆ ಒಳಗೆ ಹೊನ್ನಿನ ಮರಗಳೂ ಕೊಳಗಳೂ ಮನೆಗಳೂ ಕಂಡವು. ಮಯನು ನಿರ್ಮಿಸಿದ ಆ ಸ್ಥಳವನ್ನು ಸ್ವಯಂಪ್ರಭೆಯೆಂಬ ತಪಸ್ವಿನಿ ಕಾಯುತ್ತಿದ್ದಳು. ಆಕೆ ಅವರಿಗೆ ಹಣ್ಣುಹಂಪಲು ಕೊಟ್ಟು ಸತ್ಕರಿಸಿದಳು. ಆದರೆ ಒಳಬಂದವರು ಬದುಕಿ ಹೊರಹೋಗುವಂತಿಲ್ಲ ಎಂಬುದು ಆ ಬಿಲದ ಕಟ್ಟಳೆ. ಹನುಮಂತನು ಕೇಳಿಕೊಂಡಾಗ ಆಕೆ ಎಲ್ಲರಿಗೂ ಕಣ್ಣು ಮುಚ್ಚಲು ಹೇಳಿ, ಎವೆಯಿಕ್ಕುವಷ್ಟರಲ್ಲಿ ಹೊರಗೆ ತಂದಳು. ಹೊರಬಂದು ನೋಡಿದರೆ ಮರಗಳು ಹೂಬಿಟ್ಟಿವೆ. ತಿಂಗಳು ಬಿಲದೊಳಗೇ ಕಳೆದುಹೋಗಿದೆ. ಬರಿಗೈಯಲ್ಲಿ ಹೋದರೆ ಸುಗ್ರೀವನ ದಂಡನೆ ನಿಶ್ಚಯವೆಂದು ಅಂಗದನು ಕಂಗೆಡುತ್ತಾನೆ. ಆಗ ತಾರನೆಂಬ ಕಪಿ ಒಂದು ಸಲಹೆ ಕೊಡುತ್ತಾನೆ: ಎಲ್ಲರೂ ಮತ್ತೆ ಬಿಲದೊಳಕ್ಕೆ ಹೋಗಿಬಿಡೋಣ, ಅಲ್ಲಿ ನೀರಿದೆ, ಹಣ್ಣಿದೆ, ಯಾರ ಭಯವೂ ಇಲ್ಲ.

ನಮ್ಮ ಟೀಕಾಕಾರರು ಇಂದು ಕಂಡುಹಿಡಿದೆವೆಂದುಕೊಂಡಿರುವ ಅಪಾಯವನ್ನು ಆದಿಕವಿ ಎಂದೋ ಕಂಡು, ಕಥೆಯೊಳಗೇ ಚರ್ಚೆಗಿಟ್ಟಿದ್ದಾನೆ. ಹನುಮಂತನ ಉತ್ತರವೂ ಅಲ್ಲೇ ಇದೆ. ಲಕ್ಷ್ಮಣನ ಬಾಣಗಳಿಗೆ ಆ ಬಿಲ ಒಂದು ಎಲೆಯ ದೊನ್ನೆಯಂತೆ ಸೀಳಿಹೋಗುತ್ತದೆ. ಮೇಲಾಗಿ ಹೆಂಡಿರುಮಕ್ಕಳನ್ನು ನೆನೆದು ಈ ಕಪಿಗಳು ಅಲ್ಲಿ ನಿಲ್ಲುವುದೂ ಇಲ್ಲ ಎಂಬುದು ಅವನ ಮಾತಿನ ಸಾರಾಂಶ. ಬಿಲವನ್ನು ಅವನು ಸುಳ್ಳೆನ್ನಲಿಲ್ಲ, ಅಲ್ಲಿ ಉಂಡ ಹಣ್ಣನ್ನು ಹಳಿಯಲಿಲ್ಲ. ದಣಿವಾರಿಸಿಕೊಳ್ಳುವುದಕ್ಕೆ ಅದು ತಕ್ಕ ಸ್ಥಳ, ತಲೆಮರೆಸಿಕೊಳ್ಳುವುದಕ್ಕೆ ತಕ್ಕುದಲ್ಲ, ಅಷ್ಟೆ. ಕಥೆ ಕಾದಂಬರಿಗಳಿಗೂ, ಇಂದು ನಮ್ಮ ಅಂಗೈಯಲ್ಲಿಯೇ ಬೆಳಗುತ್ತಿರುವ ಪರದೆಯೆಂಬ ಹೊಸ ಬಿಲಕ್ಕೂ ಇದೇ ಮಾತು ಸಲ್ಲುತ್ತದೆ. ಪರೀಕ್ಷೆಯ ಹಿಂದಿನ ರಾತ್ರಿ ಆ ಬಿಲ ಹೊಕ್ಕು ಗಡುವು ಮೀರಿಸಿಕೊಂಡ ಕಪಿಗಳು ನಮ್ಮ ತರಗತಿಯಲ್ಲಿಯೂ ಇಲ್ಲದಿಲ್ಲ.

ಮೂರನೆಯ ಗುಹೆ ಮುಚುಕುಂದನದು. ಭಾಗವತದ ದಶಮಸ್ಕಂಧದಲ್ಲಿ ಇದು ಬರುತ್ತದೆ. ದೇವತೆಗಳ ಪರವಾಗಿ ಬಹುಕಾಲ ಕಾದಾಡಿ ದಣಿದ ಮಾಂಧಾತನ ಮಗ ಮುಚುಕುಂದನು ಯಾರೂ ಎಬ್ಬಿಸದಂತಹ ನಿದ್ದೆಯನ್ನು ಪಡೆದು ಗುಹೆಯೊಂದರಲ್ಲಿ ಮಲಗಿದ್ದನು. ಕೃಷ್ಣನು ಕಾಲಯವನನನ್ನು ಉಪಾಯದಿಂದ ಆ ಗುಹೆಗೆ ಸೆಳೆದನು. ಮಲಗಿದವನೇ ಕೃಷ್ಣನೆಂದು ಭ್ರಮಿಸಿ ಕಾಲಯವನನು ಒದ್ದನು. ಎಚ್ಚರಗೊಂಡವನ ನೋಟಕ್ಕೆ ಸಿಕ್ಕಿ ಬೂದಿಯಾದನು. ಈ ಭಾಗ ಎಲ್ಲರಿಗೂ ಗೊತ್ತು. ಮುಂದಿನದನ್ನು ಹೇಳುವವರು ಕಡಮೆ. ಗುಹೆಯಿಂದ ಹೊರಬಂದ ಮುಚುಕುಂದನಿಗೆ ಮನುಷ್ಯರು, ಪಶುಗಳು, ಗಿಡಮರಗಳು ಎಲ್ಲವೂ ಚಿಕ್ಕದಾಗಿ ಕಂಡವು. ತಾನು ಮಲಗಿದ್ದಾಗ ಯುಗಗಳೇ ಕಳೆದು ಕಲಿಕಾಲ ಬಂದಿತೆಂದು ತಿಳಿದು, ಅವನು ಉತ್ತರದಿಕ್ಕಿಗೆ ತಪಸ್ಸಿಗೆ ಹೊರಟುಹೋದನು.

ಈ ಕಥೆ ನಮ್ಮಂತಹವರಿಗಾಗಿಯೇ ಇರುವಂತೆ ನನಗೆ ಅನ್ನಿಸುತ್ತದೆ. ಮೂರು ವರ್ಷ ಕಾಲೇಜಿನಲ್ಲಿದ್ದು ಹೊರಬರುವ ಹಳ್ಳಿಯ ಹುಡುಗನಿಗೂ ಹುಡುಗಿಗೂ ತಮ್ಮ ಜನ ಸ್ವಲ್ಪ ಕುಗ್ಗಿದಂತೆ ಕಾಣುತ್ತಾರೆ. ಅಪ್ಪನ ಮಾತು ಒರಟೆನಿಸುತ್ತದೆ, ಅವ್ವನ ಹರಕೆ ಮೌಢ್ಯವೆನಿಸುತ್ತದೆ, ಜಗಲಿಯ ಮೇಲೆ ಕುಳಿತವರ ಹರಟೆ ಕಾಲಹರಣವೆನಿಸುತ್ತದೆ. ಕುಗ್ಗಿದ್ದು ಜನವೋ, ನಮ್ಮ ಕಣ್ಣೋ? ಮುಚುಕುಂದನಿಗಾದರೂ ಕಾರಣವಿತ್ತು, ಅವನ ಪಾಲಿಗೆ ಯುಗವೇ ಕಳೆದಿತ್ತು. ನಮ್ಮ ಪಾಲಿಗೆ ಕಳೆದಿರುವುದು ಆರು ಸೆಮಿಸ್ಟರ್ ಮಾತ್ರ. ಅವನಿಗೆ ಹೋಗಲು ಹಿಮಾಲಯವಿತ್ತು. ನಮ್ಮನ್ನು ಓದಿಸಿದವರು ಹೊಲದಲ್ಲಿ ಕಾಯುತ್ತಿದ್ದಾರೆ.

ಗ್ರೀಕ್ ತತ್ತ್ವಜ್ಞಾನಿ ಪ್ಲೇಟೋ ತನ್ನ ‘ರಿಪಬ್ಲಿಕ್’ ಗ್ರಂಥದ ಏಳನೆಯ ಭಾಗದಲ್ಲಿ ಒಂದು ಗುಹೆಯನ್ನು ಕಲ್ಪಿಸಿದ್ದಾನೆ. ಸಂಕೋಲೆಯಲ್ಲಿ ಕುಳಿತವರು ಗೋಡೆಯ ಮೇಲಿನ ನೆರಳುಗಳನ್ನೇ ನಿಜವೆಂದುಕೊಂಡಿದ್ದಾರೆ. ಒಬ್ಬನು ಬಿಡಿಸಿಕೊಂಡು ಹೊರಗೆ ಹೋಗಿ ಸೂರ್ಯನನ್ನು ಕಾಣುತ್ತಾನೆ. ನಮ್ಮ ವಿದ್ಯಾವಂತರು ತಾವೇ ಆ ಬಿಡುಗಡೆ ಹೊಂದಿದವರೆಂದು ಸುಲಭವಾಗಿ ನಂಬಿಬಿಡುತ್ತಾರೆ. ಆದರೆ ಬೆಳಕನ್ನು ಕಂಡವನು ಮೇಲೆಯೇ ಉಳಿಯಬಾರದು, ಕೆಳಗೆ ಇಳಿದುಹೋಗಿ ಉಳಿದವರೊಡನೆ ಬಾಳಬೇಕೆಂದು ಪ್ಲೇಟೋವೂ ವಿಧಿಸಿದ್ದಾನೆ. ಪೂರ್ವದ ಗುಹೆಯಾಗಲಿ ಪಶ್ಚಿಮದ ಗುಹೆಯಾಗಲಿ, ಹೊರಬಂದ ಮೇಲೆ ಏನು ಮಾಡಿದೆ ಎಂಬುದೇ ಕಡೆಯ ಪ್ರಶ್ನೆ.

ನನ್ನ ವಾದಕ್ಕೆ ವಿರುದ್ಧವಾಗಿ ಹೇಳಬಹುದಾದ ಬಲವಾದ ಮಾತೊಂದಿದೆ. ಅದನ್ನು ಮರೆಮಾಡುವುದು ನ್ಯಾಯವಲ್ಲ. ಮಾಯಾಗುಹೆಯ ಕಥೆಗಳಿಂದ ನಿಜವಾದ ಹಾನಿಯೂ ಆಗುತ್ತಿದೆ. ಹಳೆಯ ಗುಡಿಯಿಂದ ಹೊಳೆಗೆ ಸುರಂಗವಿದೆ, ಕೋಟೆಯ ಕೆಳಗೆ ಕೊಪ್ಪರಿಗೆಯಿದೆ, ಅದನ್ನು ಸರ್ಪ ಕಾಯುತ್ತಿದೆ ಎಂಬ ಮಾತು ನಮ್ಮ ಕಡೆ ಅನೇಕ ಊರುಗಳಲ್ಲಿ ಕೇಳಿಬರುತ್ತದೆ. ಈ ಮಾತನ್ನು ಅಕ್ಷರಶಃ ನಂಬಿದವರು ರಾತ್ರಿಯಲ್ಲಿ ಹಾರೆ ಗುದ್ದಲ ಹಿಡಿದು ಹೋಗಿ, ಪೀಠಗಳನ್ನು ಅಗೆದು ವಿಗ್ರಹಗಳನ್ನು ಕಿತ್ತುಹಾಕಿದ ಸುದ್ದಿ ನಮ್ಮ ರಾಜ್ಯದ ಪತ್ರಿಕೆಗಳಲ್ಲಿ ಆಗಾಗ ಬರುತ್ತದೆ. ಕಲ್ಲಿನಲ್ಲಿ ಉಳಿದಿದ್ದ ಅಷ್ಟಿಷ್ಟು ಚರಿತ್ರೆಯೂ ಹೀಗೆ ಹಾಳಾಗುತ್ತಿದೆ. ಇದು ಸಣ್ಣ ಅಪರಾಧವಲ್ಲ.

ಆದರೆ ಇದರಲ್ಲಿ ತಪ್ಪು ಯಾರದು? ಕಥೆಯಲ್ಲಿ ನಿಧಿಯ ಆಸೆಗೆ ಬಿದ್ದು ಅಗೆದವನಿಗೆ ಒಳ್ಳೆಯದಾಯಿತೆಂದು ನಾನಂತೂ ಕೇಳಿಲ್ಲ. ಅವನು ರಕ್ತ ಕಾರುವುದೋ, ಅವನ ಹೊನ್ನು ಇದ್ದಿಲಾಗುವುದೋ ನಿಶ್ಚಯ. ಕಥೆ ಕೊಟ್ಟ ಎಚ್ಚರಿಕೆಯನ್ನು ಬಿಟ್ಟು ವಿಳಾಸವನ್ನು ಮಾತ್ರ ತೆಗೆದುಕೊಂಡವನ ತಪ್ಪನ್ನು ಕಥೆಯ ತಲೆಗೆ ಕಟ್ಟಬಾರದು. ಕಥೆಯನ್ನು ನಿಷೇಧಿಸಿದರೆ ಹಾರೆ ನಿಲ್ಲುವುದಿಲ್ಲ. ಕಥೆಯನ್ನು ಕಥೆಯೆಂದು ಕೇಳುವುದನ್ನು ಕಲಿಸಿದರೆ ಅಷ್ಟಿಷ್ಟು ನಿಂತೀತು. ಆ ಕೆಲಸಕ್ಕೆ ಊರಿನವರೇ ಆದ, ಎರಡಕ್ಷರ ಕಲಿತ ನಮಗಿಂತ ತಕ್ಕವರು ಬೇರೆ ಯಾರು?

ಕಡೆಯದಾಗಿ ಒಂದು ಸೂಚನೆ. ಹೊಳೆನರಸೀಪುರ, ಅರಕಲಗೂಡು, ಚನ್ನರಾಯಪಟ್ಟಣ, ಹಾಸನ ಈ ನಾಲ್ಕು ತಾಲ್ಲೂಕುಗಳ ಹಳ್ಳಿಗಳಿಂದ ನಾವು ಪ್ರತಿದಿನ ಬಸ್ಸು ಹಿಡಿದು ಬರುವವರು. ಪ್ರತಿಯೊಂದು ಹಳ್ಳಿಯಲ್ಲಿಯೂ ಗವಿಯ, ಸುರಂಗದ, ಮಡುವಿನ ಕಥೆ ಬಲ್ಲ ಹಿರಿಯರು ಇದ್ದಾರೆ. ಶ್ರವಣಬೆಳಗೊಳದ ಕಥೆಗೆ ಗ್ರಂಥಗಳ ಆಸರೆ ದೊರೆಯಿತು. ನಮ್ಮ ಊರಿನ ಕಥೆಗಳಿಗೆ ಹೇಳುವವರ ಬಾಯಿಯ ಹೊರತು ಬೇರೆ ಆಸರೆಯಿಲ್ಲ. ಮುಂದಿನ ಬೇಸಿಗೆಯ ರಜದಲ್ಲಿ ಪ್ರತಿಯೊಬ್ಬ ವಿದ್ಯಾರ್ಥಿಯೂ ಇಂತಹ ಒಂದೇ ಒಂದು ಕಥೆಯನ್ನು, ಹೇಳಿದವರ ಮಾತಿನಲ್ಲಿಯೇ, ತಿದ್ದದೆ ಬರೆದು ತರಲಿ. ಹೇಳಿದವರು ಯಾರು, ಯಾವ ಊರು, ಯಾರಿಂದ ಕೇಳಿದ್ದು ಎಂಬುದನ್ನು ಮೇಲೆ ಗುರುತು ಹಾಕಲಿ. ಸ್ಥಳ ಇನ್ನೂ ಇದ್ದರೆ ಹೋಗಿ ನೋಡಿ, ಗವಿ ಎಷ್ಟು ಹೆಜ್ಜೆ ಉದ್ದವಿದೆ, ಹತ್ತಿರ ಶಾಸನವಿದೆಯೆ ಎಂಬುದನ್ನು ಬೇರೆ ಹಾಳೆಯಲ್ಲಿ ಬರೆಯಲಿ. ಕಂಡದ್ದನ್ನೂ ಕೇಳಿದ್ದನ್ನೂ ಒಂದರೊಳಗೊಂದು ಬೆರೆಸುವುದು ಬೇಡ. ನಮ್ಮ ಪುಸ್ತಕಭಂಡಾರದಲ್ಲಿ ಇದಕ್ಕಾಗಿ ಒಂದು ದಪ್ಪ ನೋಟುಪುಸ್ತಕವನ್ನು ಇಡುವುದು ಹೆಚ್ಚು ಖರ್ಚಿನ ಕೆಲಸವಲ್ಲ. ಕನ್ನಡ ಮತ್ತು ಇತಿಹಾಸ ವಿಭಾಗಗಳ ಗುರುವರ್ಯರು ಈ ಬಿನ್ನಹವನ್ನು ಪರಿಶೀಲಿಸಬೇಕೆಂದು ಪ್ರಾರ್ಥಿಸುತ್ತೇನೆ.

ಊರಿಗೆ ಊರೇ ಇಲ್ಲವಾದಾಗ ಕೈಗೆ ಸಿಗುವುದು ಮರೆತು ಬಂದ ಒಂದು ಗಿಂಡಿ ಮಾತ್ರ. ಅದನ್ನು ತರಲು ಹಿಂದಕ್ಕೆ ಹೋಗುವವನೊಬ್ಬನು ಬೇಕು. ಕಥೆ ಹೇಳುವವರು ನಮ್ಮ ಮನೆಗಳಲ್ಲಿ ಇನ್ನೂ ಇದ್ದಾರೆ. ಅವರು ಇರುವಾಗಲೇ ನಾವು ಹೋಗಿ ಕೇಳುವುದು ಲೇಸು.